ಕೆಂಪಿಗೆ ಬಾಕಿಯಿದ್ದ ಒಂದು ಪಾಯಿಂಟ್

"ಒಬ್ಬ ಚಾಂಪಿಯನ್ ಬೇಕು ದೇವಕ್ಕ, ನಮ್ಮ ಎದುರು ಸೋಲ್ಲಿಕ್ಕೆ. ಸುಮ್ಮನೆ ಯಾವುದೋ ಒಂದು ನಾಯಿ ಬಂದ್ರೆ ಸಾಕಾಗುದಿಲ್ಲ," ಎಂದ ನಿಝಾಮ್, ಹೊಲಿಗೆ ಮೆಷಿನ್ನಿನ ಮೇಲೆ ಒಂದು ಕಾಗದ ಹರಡಿ.

ದೇವಮ್ಮ ಸೂಜಿಯ ಕೆಳಗಿದ್ದ ರವಿಕೆಯನ್ನು ಮೆಲ್ಲಗೆ ಎಳೆದು ಪಕ್ಕಕ್ಕಿಟ್ಟಳು. "ಪುತ್ತೂರಿನ ನಾಯಿ ಶೋಗೆ ಹತ್ತು ಡ್ಯಾಶುಂಡ್ ಬರ್ತದೆ ಅಂತ ನೀನೇ ಹೇಳಿದ್ದಲ್ವಾ?"

"ಹತ್ತಲ್ಲ, ಹನ್ನೊಂದು. ಎಲ್ಲಾ ಮರಿಗಳು, ಹೊಸಬರು. ಅವನ್ನೆಲ್ಲ ಸೋಲಿಸಿದ್ರೆ ಕಪ್ ಕೊಡ್ತಾರೆ, ಫೋಟೋ ತೆಗೀತಾರೆ, ಚಹಾ ಕೊಡ್ತಾರೆ. ಪಾಯಿಂಟ್ ಕೊಡುದಿಲ್ಲ. ಕೆಂಪಿ ಈಗಾಗಲೇ ಚಾಂಪಿಯನ್. ಚಾಂಪಿಯನ್ ಆದ ಮೇಲೆ ಮೇಲಿನ ಪಾಯಿಂಟ್ ಬೇಕಾದ್ರೆ ಇನ್ನೊಬ್ಬ ಚಾಂಪಿಯನ್ನನ್ನೇ ಸೋಲಿಸ್ಬೇಕು. ಇಲ್ಲಿ ಬರ್ದಿದ್ದಾರೆ ನೋಡಿ."

"ನನಗೆ ಇಂಗ್ಲಿಷ್ ತೋರಿಸ್ಬೇಡ ಮಾರಾಯ. ಎಷ್ಟು ಬಾಕಿ ಅಂತ ಹೇಳು."

"ಒಂದು."

ಕೆಂಪಿ ಮೆಷಿನ್ನಿನ ಪೆಡಲಿನ ಪಕ್ಕ, ಕತ್ತರಿಸಿ ಬಿದ್ದ ಬಟ್ಟೆ ಚೂರುಗಳ ರಾಶಿಯಲ್ಲಿ ಮಲಗಿದ್ದಳು. ಮೊಳ ದಾಟಿದ ಮೈ, ಗೇಣು ಕೂಡ ಇಲ್ಲದ ಕಾಲು, ಇಟ್ಟಿಗೆ ಬಣ್ಣದ ಡ್ಯಾಶುಂಡ್ ನಾಯಿ. ಬೆಳ್ಳಾರೆ ಬಸ್‌ಸ್ಟ್ಯಾಂಡಿನ ಎದುರಿನ ಈ ಹೊಲಿಗೆ ಅಂಗಡಿಗೆ ಬರುವ ಹೆಂಗಸರು ಮೊದಲು ಕೆಂಪಿಯನ್ನು ಮಾತಾಡಿಸಿ, ಆಮೇಲೆ ಅಳತೆಗೆ ನಿಲ್ಲುತ್ತಿದ್ದರು. ಮಂಗಳೂರು, ಉಡುಪಿ, ಶಿವಮೊಗ್ಗ ಅಂತ ಸುತ್ತಿ ನಾಲ್ಕು ವರ್ಷದಲ್ಲಿ ಅವಳು ಚಾಂಪಿಯನ್ ಆಗಿ, ಅದರ ಮೇಲೆ ಗ್ರ್ಯಾಂಡ್ ಚಾಂಪಿಯನ್ ಆಗುವುದಕ್ಕೆ ಬೇಕಾದ ಇಪ್ಪತ್ತೈದರಲ್ಲಿ ಇಪ್ಪತ್ತನಾಲ್ಕು ಪಾಯಿಂಟ್ ಕೂಡಿಸಿದ್ದಳು. ಇನ್ನೊಂದನ್ನು ಬರುವ ವರ್ಷ ತೆಗೆದರಾಯಿತು ಎಂದು ಬಿಡುವ ಹಾಗಿರಲಿಲ್ಲ. ಎರಡು ತಿಂಗಳ ಹಿಂದೆ ಕೆಂಪಿಗೆ ಗರ್ಭಕೋಶದಲ್ಲಿ ಸೋಂಕಾಗಿ ಜೀವ ಉಳಿದದ್ದೇ ಹೆಚ್ಚು. ಸುಳ್ಯದ ಡಾಕ್ಟ್ರು ಖಡಾಖಂಡಿತ ಹೇಳಿದ್ದರು: "ಮುಂದಿನ ಸಲ ಮದ್ದಿಗೆ ಬಗ್ಗುದಿಲ್ಲ. ಆಪರೇಷನ್ ಮಾಡಿ ತೆಗೆದುಬಿಡುವ." ಆಪರೇಷನ್ನಿನ ದಿನವೂ ನಿಗದಿಯಾಗಿತ್ತು, ಪುತ್ತೂರಿನ ಶೋ ಆದ ನಂತರದ ಗುರುವಾರ. ಈ ಶೋಗಳು ತಳಿ ಮುಂದುವರಿಸಬಲ್ಲ ನಾಯಿಗಳಿಗೆ ಮಾತ್ರ. ಆಪರೇಷನ್ ಆದ ನಾಯಿಗೆ ರಿಂಗಿನೊಳಗೆ ಜಾಗವಿಲ್ಲ. ಅಂದರೆ ಪುತ್ತೂರೇ ಕೊನೆ.

"ಈ ಕಡೆಯಲ್ಲಿ ಚಾಂಪಿಯನ್ ಡ್ಯಾಶುಂಡ್ ಯಾರತ್ರ ಉಂಟು?" ದೇವಮ್ಮ ಕೇಳಿದಳು. ಉತ್ತರ ಅವಳಿಗೆ ಗೊತ್ತಿತ್ತು. ಬೇರೆ ಯಾವುದಾದರೂ ಹೆಸರು ಬರಲಿ ಎಂಬ ಆಸೆ ಅಷ್ಟೆ.

"ಮಂಗಳೂರಿನ ಎರಡೂ ಈಗ ಮರಿ ಹಾಕಿ ಕೂತಿವೆ. ಮತ್ತೆ ಇರುದು ಒಂದೇ." ನಿಝಾಮ್ ಕಾಗದ ಮಡಚಿದ. "ಪೆರಾಬೆಯ ತಿರುಮಲೇಶ್ವರ ಮಾಷ್ಟ್ರ ಭೀಮ."

"ಅಯ್ಯೋ ದೇವರೇ."

ಈ ನಿಝಾಮ್‌ನದ್ದು ಎರಡು ಬಾಗಿಲು ಆಚೆ ಹಿಂಡಿ, ನಾಯಿ ಆಹಾರದ ಅಂಗಡಿ. ಚೀಲದ ಮೇಲೆ ಅಚ್ಚಾದದ್ದನ್ನು ಓದುತ್ತ ಓದುತ್ತ ತಳಿಗಳ ಪುಸ್ತಕ ಓದಿ, ಆಮೇಲೆ ಕ್ಲಬ್ಬಿನ ನಿಯಮದ ಪುಸ್ತಕವನ್ನೂ ಬಾಯಿಪಾಠ ಮಾಡಿದವನು. ಯಾವ ನಾಯಿಯ ಹಲ್ಲು ಎಷ್ಟು, ಬಾಲ ಯಾವ ಎತ್ತರದಲ್ಲಿ ಶುರುವಾಗಬೇಕು, ಎಲ್ಲ ಅವನ ನಾಲಿಗೆಯ ತುದಿಯಲ್ಲಿತ್ತು. ಆದರೆ ಇದುವರೆಗೆ ಒಂದು ನಾಯಿಯನ್ನೂ ಮುಟ್ಟಿದವನಲ್ಲ. "ಜೊಲ್ಲು ತಾಗಿದ್ರೆ ಏಳು ಸಲ ತೊಳೀಬೇಕು ದೇವಕ್ಕ, ಅದರಲ್ಲಿ ಒಂದು ಸಲ ಮಣ್ಣು ಹಾಕಿ. ಸಂಜೆಯ ಅಸರ್ ನಮಾಜಿನ ಹೊತ್ತಿಗೆ ಅದೆಲ್ಲ ಆಗ್ತದಾ?" ಎನ್ನುತ್ತಿದ್ದ. ಶೋಗಳಿಗೆ ಹೋಗುವಾಗ ಕೆಂಪಿ ಅವನ ಓಮ್ನಿ ವ್ಯಾನಿನ ಹಿಂದೆ ಪ್ಲಾಸ್ಟಿಕ್ ಗೂಡಿನಲ್ಲಿ, ಅವನು ಮುಂದೆ. ಇಬ್ಬರೂ ಒಬ್ಬರನ್ನೊಬ್ಬರು ಬಹಳ ಮರ್ಯಾದೆಯಿಂದ ದೂರದಲ್ಲಿಟ್ಟಿದ್ದರು.

"ಅಯ್ಯೋ ದೇವರೇ ಹೇಳಿದ್ರೆ ಆಗ್ಲಿಕ್ಕಿಲ್ಲ," ಎಂದ ನಿಝಾಮ್. "ನಾಳೆ ಕಡಬಕ್ಕೆ ಹಿಂಡಿ ಬಿಡ್ಲಿಕ್ಕೆ ಹೋಗ್ತೇನೆ. ಪೆರಾಬೆಯಲ್ಲಿ ಇಳಿಯುವ. ಕೇಳಿ ನೋಡುವ."

"ಎಂತ ಅಂತ ಕೇಳುದು? ಬಂದು ಸೋತು ಹೋಗಿ ಅಂತಲಾ?"

ಕಷ್ಟ ಅಲ್ಲಿಗೇ ಮುಗಿಯುತ್ತಿರಲಿಲ್ಲ. ಎರಡು ವರ್ಷದ ಹಿಂದೆ ಮಂಗಳೂರಿನ ಶೋದಲ್ಲಿ ದೇವಮ್ಮ ಪಕ್ಕದವಳ ಹತ್ತಿರ, "ಆ ಭೀಮನ ಬೆನ್ನು ನೋಡಿ, ಒದ್ದೆ ಬಟ್ಟೆ ಹಾಕಿದ ಹಗ್ಗ ಜೋತ ಹಾಗೆ ಉಂಟು," ಎಂದಿದ್ದಳು. ಸಣ್ಣಕ್ಕೆ ಮಾತಾಡುವುದು ಅವಳಿಗೆ ಬರುವುದಿಲ್ಲ. ತಿರುಗಿ ನೋಡಿದರೆ ಹಿಂದಿನ ಕುರ್ಚಿಯಲ್ಲಿ ಮಾಷ್ಟ್ರು. ಅವತ್ತಿನಿಂದ ಅವರು ಒಂದು ಶೋಗೂ ಬಂದಿರಲಿಲ್ಲ.

ಮರುದಿನ ಮಾಷ್ಟ್ರ ಅಂಗಳದಲ್ಲಿ ಇಳಿದಾಗ ದೇವಮ್ಮನ ಕೈಯಲ್ಲಿ ಹಲಸಿನ ಹಪ್ಪಳದ ಒಂದು ಕಟ್ಟಿತ್ತು. ಮಾಷ್ಟ್ರು ಜಗಲಿಯಲ್ಲಿ ಪೇಪರ್ ಓದುತ್ತಿದ್ದರು. ಮೂವತ್ತೆರಡು ವರ್ಷ ಹಿಂದಿ ಕಲಿಸಿ ನಿವೃತ್ತರಾದವರು. ತಲೆ ಎತ್ತಿ ಕನ್ನಡಕ ಸರಿಮಾಡಿಕೊಂಡರು.

"ಓಹೋ, ದೇವಮ್ಮ. ಬನ್ನಿ ಬನ್ನಿ. ಬಟ್ಟೆ ಒಣಗಿಸ್ಲಿಕ್ಕೆ ಬಂದದ್ದಾ?"

ನಿಝಾಮ್ ಕೆಮ್ಮಿದ. ದೇವಮ್ಮ ಹಪ್ಪಳದ ಕಟ್ಟನ್ನು ಮುಂದೆ ಹಿಡಿದಳು. "ಮಾಷ್ಟ್ರೇ, ಅದು ನನ್ನ ಬಾಯಿ ಅಲ್ಲ. ಅಲ್ಲ, ಬಾಯಿ ನನ್ನದೇ. ತಪ್ಪಾಯ್ತು."

"ತಪ್ಪು ಎಂತ? ಜೋತದ್ದು ಹೌದು." ಅವರು ಒಳಗೆ ನೋಡಿ ಕೂಗಿದರು, "ಭೀಮ್! ಇಧರ್ ಆವೊ!"

ಭೀಮ ಬಂದ. ಕಪ್ಪು ಮೈ, ಹುಬ್ಬಿನ ಜಾಗದಲ್ಲಿ ಎರಡು ಕಂದು ಚುಕ್ಕೆ, ಮಲಗಿ ಎದ್ದ ಸೋಮಾರಿ ಮುಖ. ಹೊಟ್ಟೆ ಸ್ವಲ್ಪ ಕೆಳಗಿತ್ತು. ಆದರೆ ತಲೆ, ಎದೆ, ಮುಂಗಾಲು ನೋಡಿದರೆ ಚಾಂಪಿಯನ್ ಎಂದು ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಮಾಷ್ಟ್ರ ಹೆಂಡತಿ ಶರಬತ್ತು ತಂದುಕೊಟ್ಟರು. ದೇವಮ್ಮ ಮಳೆ, ಬಸ್ಸು, ಹಪ್ಪಳದ ಉಪ್ಪು ಎಲ್ಲ ಮಾತಾಡಿ ಮುಗಿಸಿದಳು. ಶೋದ ವಿಷಯ ಬಾಯಿಗೆ ಬರಲಿಲ್ಲ. ಕೊನೆಗೆ ನಿಝಾಮ್ ತಾನೇ ನಿಯಮ, ಪಾಯಿಂಟು, ಆಪರೇಷನ್ನು, ಗುರುವಾರ, ಎಲ್ಲವನ್ನೂ ಒಂದೇ ಉಸಿರಿನಲ್ಲಿ ಹೇಳಿಬಿಟ್ಟ.

ಮಾಷ್ಟ್ರು ಭೀಮನ ಕಿವಿ ಸವರಿದರು. ಆಪರೇಷನ್ ಎಂದ ಮೇಲೆ ಅವರ ಮುಖದಲ್ಲಿದ್ದ ತಮಾಷೆ ಹೋಗಿತ್ತು.

"ಅಷ್ಟೇ ಅಲ್ವಾ? ಬರುವ," ಎಂದರು. "ಇನ್ನು ಇಪ್ಪತ್ತು ದಿನ ಉಂಟು. ದಿನಾ ನಾಲ್ಕು ನೀರುದೋಸೆ ಜಾಸ್ತಿ ಹಾಕ್ತೇನೆ ಇವನಿಗೆ. ಹೊಟ್ಟೆ ನೆಲ ಗುಡಿಸ್ಲಿಕ್ಕೆ ಶುರು ಆಗ್ತದೆ. ಜಡ್ಜ್ ಒಂದು ಸಲ ನೋಡಿ ಮುಖ ತಿರುಗಿಸ್ತಾರೆ. ನಿಮ್ಮ ಪಾಯಿಂಟ್ ನಿಮಗೆ."

ನಿಝಾಮನ ಮುಖ ಅರಳಿತು. ದೇವಮ್ಮ ಶರಬತ್ತಿನ ಲೋಟವನ್ನು ಜಗಲಿಯ ಮೇಲಿಟ್ಟಳು. ಇಷ್ಟು ಸುಲಭವಾಗಿ ಆಗುವ ಕೆಲಸಕ್ಕೆ ರಾತ್ರಿಯಿಡೀ ನಿದ್ದೆಗೆಟ್ಟೆನಲ್ಲ ಎಂದು ಅವಳಿಗೆ ಅನಿಸಬೇಕಾಗಿತ್ತು. ಅನಿಸಿದ್ದು ಬೇರೆ. ಆ ಇಪ್ಪತ್ತನಾಲ್ಕು ಪಾಯಿಂಟುಗಳನ್ನು ಕೆಂಪಿ ಓಡಿ ತಂದದ್ದು. ಇಪ್ಪತ್ತೈದನೆಯದು ಮಾತ್ರ ದೋಸೆ ತಿನ್ನಿಸಿ ತಂದದ್ದು ಅಂತಾದರೆ?

"ಬೇಡ ಮಾಷ್ಟ್ರೇ."

"ಎಂತ ಬೇಡ?"

"ನೀರುದೋಸೆ ಬೇಡ. ನೀವು ಗೆಲ್ಲಿಕ್ಕೇ ಬನ್ನಿ."

ಓಮ್ನಿ ಕಡಬದ ರಸ್ತೆಗೆ ಬರುವವರೆಗೆ ನಿಝಾಮ್ ಬಾಯಿ ತೆರೆಯಲಿಲ್ಲ. ಆಮೇಲೆ ಮುಚ್ಚಲೂ ಇಲ್ಲ.

"ಸೋಲ್ತೇನೆ ಅಂತ ಹೇಳಿದವರತ್ರ ಗೆಲ್ಲಿ ಅಂತ ಹೇಳಿ ಬಂದ್ರಲ್ಲ ದೇವಕ್ಕ! ಇದು ಯಾವ ಊರಿನ ವ್ಯಾಪಾರ?"

"ನನಗೂ ಗೊತ್ತಿಲ್ಲ ಮಾರಾಯ. ಬಾಯಿಗೆ ಬಂತು."

"ನಿಮ್ಮ ಬಾಯಿಗೆ ಒಂದು ಹೊಲಿಗೆ ಹಾಕ್ಬೇಕು."

ಮನೆಯಲ್ಲಿ ಕುಕ್ಕಪ್ಪ ಈ ಕಥೆ ಕೇಳಿ ಹೊಟ್ಟೆ ಹಿಡಿದುಕೊಂಡು ನಕ್ಕ. ದೇವಮ್ಮನ ಗಂಡ, ಬೆಳ್ಳಾರೆಯಿಂದ ಪಂಜದವರೆಗೆ ಯಾರ ಪಂಪು ಕೆಟ್ಟರೂ ಕರೆ ಬರುವುದು ಅವನಿಗೆ. ನಾಯಿಗೆ ಬಹುಮಾನ ಕೊಡುವವರಿಗೂ, ತೆಗೆದುಕೊಳ್ಳುವವರಿಗೂ ತಲೆ ಕೆಟ್ಟಿದೆ ಎಂಬುದು ಅವನ ಅಭಿಪ್ರಾಯ. ಆದರೂ ನಾಲ್ಕು ವರ್ಷದಿಂದ ಪ್ರತಿ ಶೋಗೆ ಮೊದಲು ಅಂಗಳದಲ್ಲಿ ಕುರ್ಚಿ ಹಾಕಿ ಕೂತು ಜಡ್ಜ್ ಆಗುವವನು ಅವನೇ. ದೇವಮ್ಮ ಕೆಂಪಿಯನ್ನು ಬೆಂಚಿನ ಮೇಲೆ ನಿಲ್ಲಿಸುವುದು, ಅವನು ಹಲ್ಲು ನೋಡುವುದು, ಬೆನ್ನು ಸವರುವುದು, "ಒಂದು ಸುತ್ತು ಓಡಿಸು" ಎನ್ನುವುದು, ಆಮೇಲೆ "ಪಾಸ್, ಇನ್ನು ನನಗೆ ಊಟ ಹಾಕು" ಎನ್ನುವುದು. ಈ ಸಲ ಮೂರು ವಾರವೂ ದಿನಾ ಸಂಜೆ ಅದೇ ನಡೆಯಿತು. ಕೆಂಪಿಯ ನಡಿಗೆ ಮಾತ್ರ ಹಳೆಯದಾಗಿರಲಿಲ್ಲ. ಕಾಯಿಲೆಯ ನಂತರ ಅವಳಲ್ಲೊಂದು ಉದಾಸೀನ. ಓಡು ಎಂದರೆ ಓಡುತ್ತಿದ್ದಳು, ಉಪಕಾರ ಮಾಡುವವರ ಹಾಗೆ.

"ಇದು ಗೆಲ್ಲುದಿಲ್ಲ," ಎಂದ ಕುಕ್ಕಪ್ಪ ಶನಿವಾರ ಸಂಜೆ. "ಆ ಮಾಷ್ಟ್ರು ದೋಸೆ ಹಾಕ್ತೇನೆ ಅಂದಾಗ ಹಾಕ್ಲಿ ಅನ್ಬೇಕಿತ್ತು."

"ನೀವು ಸುಮ್ನಿರಿ. ನಾಳೆ ನಿಮಗೆ ಮದುವೆ ಊಟ ಉಂಟಲ್ಲ, ಅದರ ಬಗ್ಗೆ ಯೋಚ್ನೆ ಮಾಡಿ."

ಭಾನುವಾರ ಪುತ್ತೂರಿನಲ್ಲಿ ಅವನ ಸೋದರ ಸಂಬಂಧಿಯೊಬ್ಬರ ಮಗಳ ಮದುವೆ. ಹಾಗಾಗಿ ಓಮ್ನಿಯಲ್ಲಿ ಅವನೂ ಇದ್ದ. ಇಸ್ತ್ರಿ ಹಾಕಿದ ಬಿಳಿ ಅಂಗಿ, ಜರಿ ಅಂಚಿನ ಹೊಸ ಪಂಚೆ, ಹೆಗಲ ಮೇಲೆ ಶಾಲು. ಶೋ ನಡೆಯುವ ಶಾಲೆಯ ಮೈದಾನದಲ್ಲಿ ದೇವಮ್ಮನನ್ನೂ ಕೆಂಪಿಯನ್ನೂ ಇಳಿಸಿ, ನಿಝಾಮ್ ಅವನನ್ನು ಮದುವೆಯ ಹಾಲ್‌ಗೆ ಬಿಡುವುದೆಂದು ಮಾತಾಗಿತ್ತು. ಆದರೆ ಮುಹೂರ್ತಕ್ಕೆ ಇನ್ನೂ ಹೊತ್ತಿದ್ದದ್ದರಿಂದ ಕುಕ್ಕಪ್ಪ ಶಾಮಿಯಾನದ ಕೆಳಗೆ ನಿಂತು, ಸಿಂಹದಷ್ಟು ದೊಡ್ಡ ನಾಯಿಗೆ ಹೆಂಗಸೊಬ್ಬಳು ಹೇರ್ ಡ್ರೈಯರ್ ಹಿಡಿಯುವುದನ್ನು ನೋಡುತ್ತಿದ್ದ. "ನನ್ನ ತಲೆಗೆ ಕೂಡ ಯಾರೂ ಇದನ್ನು ಹಿಡಿದದ್ದಿಲ್ಲ," ಎಂದು ಪಕ್ಕದವರಿಗೆ ಹೇಳಿದ. ಪಕ್ಕದವರು ಅವನ ಬೋಳು ತಲೆ ನೋಡಿದರು.

ಹನ್ನೊಂದು ಗಂಟೆಗೆ ಗೇಟಿನೊಳಗೆ ಒಂದು ಆಟೋರಿಕ್ಷಾ ಬಂತು. ಮಾಷ್ಟ್ರು ಭೀಮನನ್ನು ಎದೆಗವಚಿಕೊಂಡು ಇಳಿದರು. ದೇವಮ್ಮ ಭೀಮನನ್ನು ನೋಡಿ ಕೈಯಲ್ಲಿದ್ದ ಬ್ರಷ್ ಕೆಳಗಿಳಿಸಿದಳು. ಹೊಟ್ಟೆ ಮೇಲೆ ಹೋಗಿತ್ತು. ಬೆನ್ನು ಗೆರೆ ಎಳೆದಷ್ಟು ನೇರ. ಕಪ್ಪು ರೋಮ ಮಿರಿಮಿರಿ. ಮಾಷ್ಟ್ರು ಅವಳ ಮಾತನ್ನು ಅಕ್ಷರ ಬಿಡದೆ ಪಾಲಿಸಿದ್ದರು.

"ದಿನಾ ಎರಡು ಮೈಲು ನಡೆಸಿದ್ದೇನೆ," ಎಂದು ಅಲ್ಲಿಂದಲೇ ಕೂಗಿದರು. "ಗೆಲ್ಲಿಕ್ಕೇ ಬಂದದ್ದು ನೋಡಿ!"

ಹಾಗೆ ಕೂಗುತ್ತಲೇ ಹೆಜ್ಜೆ ಇಟ್ಟದ್ದು ಮೈದಾನದ ಅಂಚಿನ ಸಿಮೆಂಟ್ ಚರಂಡಿಯೊಳಗೆ. ಬೀಳುವಾಗ ನಾಯಿಯನ್ನು ಎರಡೂ ಕೈಯಲ್ಲಿ ಮೇಲಕ್ಕೆತ್ತಿ ಹಿಡಿದಿದ್ದರು. ಆದ್ದರಿಂದ ಭೀಮನಿಗೆ ಎಂತದೂ ಆಗಲಿಲ್ಲ. ಮಾಷ್ಟ್ರ ಮೊಣಕಾಲು ಮಾತ್ರ ಹತ್ತು ನಿಮಿಷದೊಳಗೆ ಹಲಸಿನ ಎಳೆ ಗುಜ್ಜೆಯಷ್ಟು ಊದಿತು.

ಅವರನ್ನು ಕುರ್ಚಿಯಲ್ಲಿ ಕೂರಿಸಿ, ಐಸ್‌ಕ್ರೀಮಿನವನ ಹತ್ತಿರ ಮಂಜುಗಡ್ಡೆ ತಂದು ಕಟ್ಟಿದರು. ಧ್ವನಿವರ್ಧಕದಲ್ಲಿ ಡ್ಯಾಶುಂಡುಗಳ ಸರದಿ ಕೂಗಿದರು.

"ನಾನು ಕುಂಟುತ್ತಾ ಬರ್ತೇನೆ," ಎಂದರು ಮಾಷ್ಟ್ರು ಏಳಲು ನೋಡಿ. "ಭೀಮ ರಿಂಗಿನೊಳಗೆ ಇದ್ರೆ ಸಾಕಲ್ವಾ? ಓಡದಿದ್ರೆ ಸೋತ. ನಿಮಗೆ ಪಾಯಿಂಟ್ ಸಿಕ್ತದೆ."

"ಹೌದು, ಸಿಕ್ತದೆ," ಎಂದ ನಿಝಾಮ್ ತಟ್ಟನೆ. "ಹೆಸರು ವಾಪಸ್ ತೆಗೊಂಡ್ರೆ ಮಾತ್ರ ಸಿಕ್ಕುದಿಲ್ಲ. ಒಳಗೆ ಬಂದು ಸೋಲ್ಬೇಕು. ನಿಯಮ ಹಾಗೆ."

ದೇವಮ್ಮ ಮಾಷ್ಟ್ರ ಕಾಲು ನೋಡಿದಳು. ಭೀಮನ ನೇರ ಬೆನ್ನು ನೋಡಿದಳು. "ಕುಂಟುವವರ ಎದುರು ಓಡಿ ಗೆದ್ದು ನಾನು ಅಂಗಡಿಗೆ ಬಂದವರಿಗೆ ಎಂತ ಹೇಳುದು? ಭೀಮನನ್ನು ಬೇರೆ ಯಾರಾದ್ರೂ ಓಡಿಸ್ಬಹುದಾ ನಿಝಾಮ್?"

"ಓಡಿಸ್ಬಹುದು. ಯಾರು ಬೇಕಾದ್ರೂ." ಹೇಳಿದ ಮೇಲೆ ನಿಝಾಮ್ ಎರಡು ಹೆಜ್ಜೆ ಹಿಂದೆ ಸರಿದ. "ನಾನು ಬಿಟ್ಟು."

ಮೂವರೂ ಒಟ್ಟಿಗೆ ತಿರುಗಿ ಕುಕ್ಕಪ್ಪನನ್ನು ನೋಡಿದರು. ಅವನು ಗಡಿಯಾರ ನೋಡುತ್ತಿದ್ದ.

"ನನ್ನನ್ನು ಎಂತಕ್ಕೆ ನೋಡುದು? ನನಗೆ ಊಟ ಉಂಟು."

"ಹದಿನೈದು ನಿಮಿಷ," ಎಂದಳು ದೇವಮ್ಮ.

"ನಾಯಿ ಹಿಡ್ಕೊಂಡು ಜನರ ಎದುರು ಓಡುದಾ? ಈ ಪಂಚೆಯಲ್ಲಿ? ಮದುವೆಗೆ ಬಂದವರು ಯಾರಾದ್ರೂ ನೋಡಿದ್ರೆ?"

"ನಾಲ್ಕು ವರ್ಷ ಜಡ್ಜ್ ಆಗಿ ಕೂತ್ಕೊಂಡು ಒಂದು ಸುತ್ತು ಓಡಿಸು, ಇನ್ನೊಂದು ಸುತ್ತು ಓಡಿಸು ಅಂತ ಹೇಳಿದ್ರಲ್ಲ. ನಿಮಗೆ ಒಮ್ಮೆ ಓಡ್ಲಿಕ್ಕೆ ಆಗುದಿಲ್ವಾ?"

"ಹೆಂಡತಿ ವಿರುದ್ಧ ಓಡುವ ಧೈರ್ಯ ಬೇಕಲ್ಲ ಅದಕ್ಕೆ," ಎಂದರು ಮಾಷ್ಟ್ರು ಕುರ್ಚಿಯಿಂದ.

ಆ ಮಾತು ನಾಟಿತು. ಕುಕ್ಕಪ್ಪ ಶಾಲನ್ನು ನಿಝಾಮನ ಕೈಗೆ ಕೊಟ್ಟ. ಪಂಚೆಯನ್ನು ಮೊಣಕಾಲಿಗಿಂತ ಮೇಲೆ ಎತ್ತಿ ಕಟ್ಟಿ ಬಿಗಿದ. ಭೀಮನ ಹಗ್ಗ ಹಿಡಿದ.

ಜಡ್ಜ್ ಪುಣೆಯಿಂದ ಬಂದ ಎತ್ತರದ ಹೆಂಗಸು, ಎಪ್ಪತ್ತು ದಾಟಿದವರು, ಬಿಳಿ ಕೂದಲು, ನೀಲಿ ಸೀರೆ, ಕೊರಳಲ್ಲಿ ಮುತ್ತಿನ ಸರ. ಹೊಸ ನಾಯಿಗಳ ಪೈಕಿ ಗೆದ್ದು ಬಂದ ಒಂದು ಮರಿ, ಭೀಮ, ಕೆಂಪಿ, ಇಷ್ಟೇ ರಿಂಗಿನಲ್ಲಿ ಉಳಿದದ್ದು. ಮೇಜಿನ ಮೇಲೆ ಎರಡೂ ಚಾಂಪಿಯನ್ನುಗಳು ಚೆನ್ನಾಗಿ ನಿಂತವು. ಆಮೇಲೆ ಒಬ್ಬೊಬ್ಬರೇ ಆ ತುದಿಗೆ ಹೋಗಿ, ತಿರುಗಿ, ಸೀದಾ ಜಡ್ಜ್ ಕಡೆಗೆ ಓಡಿ ಬರಬೇಕು. ನಾಯಿಯ ಮುಂಗಾಲು ಹೇಗೆ ಬೀಳುತ್ತದೆ ಎಂದು ಅವರು ಎದುರಿನಿಂದ ನೋಡುವುದು ಆಗಲೇ.

ಕುಕ್ಕಪ್ಪ ಹೋದ. ಹೋಗುವಾಗ ಏನೂ ತೊಂದರೆ ಇರಲಿಲ್ಲ. ಭೀಮನ ನಡಿಗೆ ನೋಡಿ ಸುತ್ತ ನಿಂತವರು ರಿಂಗಿನ ಬೇಲಿಯ ಹತ್ತಿರಕ್ಕೆ ಸರಿದರು. ತಿರುಗಿ ಬರುವಾಗ, ಜಡ್ಜ್ ಇನ್ನು ಐದು ಹೆಜ್ಜೆ ದೂರದಲ್ಲಿದ್ದಾರೆ ಎನ್ನುವಾಗ, ಕುಕ್ಕಪ್ಪನ ಬಲಗೈ ತಾನಾಗಿ ಸೊಂಟಕ್ಕೆ ಹೋಯಿತು. ಎತ್ತಿ ಕಟ್ಟಿದ ಪಂಚೆ ಸರ್ರನೆ ಕೆಳಗಿಳಿಯಿತು. ಅವನು ತಲೆ ಸ್ವಲ್ಪ ಬಗ್ಗಿಸಿ ಹೆಜ್ಜೆ ನಿಧಾನ ಮಾಡಿದ. ಹಗ್ಗ ಸಡಿಲವಾಯಿತು. ಭೀಮ ಕೂತುಬಿಟ್ಟ.

ಜಡ್ಜ್ ಹುಬ್ಬು ಗಂಟಿಕ್ಕಿ ಇನ್ನೊಮ್ಮೆ ಎಂದು ಕೈ ಮಾಡಿದರು. ಕುಕ್ಕಪ್ಪ ಪಂಚೆ ಎತ್ತಿ ಕಟ್ಟಿದ, ಹೋದ, ತಿರುಗಿದ, ಬಂದ. ಐದು ಹೆಜ್ಜೆ ಇರುವಾಗ ಪಂಚೆ ಕೆಳಗೆ. ಭೀಮ ನೆಲಕ್ಕೆ.

ದೇವಮ್ಮನಿಗೆ ಅರ್ಥವಾಯಿತು. ಊರಿನ ಹಿರಿಯರು ಎದುರು ಬಂದರೆ, ಗುರುತಿನ ಹೆಂಗಸರು ಬಂದರೆ, ಮೊಣಕಾಲು ತೋರಿಸಿಕೊಂಡು ನಿಲ್ಲುವ ಗಂಡಸಲ್ಲ ಅವನು. ಕೈ ಕೆಲಸ ಮಾಡುವುದು ತಲೆಗೆ ಗೊತ್ತಾಗುವ ಮೊದಲೇ. ಈಗ ಸುಮ್ಮನಿದ್ದರೆ ಸಾಕು. ಅವನು ಹತ್ತು ಸಲ ಓಡಿದರೂ ಭೀಮ ಹತ್ತು ಸಲ ಕೂರುತ್ತಾನೆ. ಪಾಯಿಂಟ್ ನಡೆದುಕೊಂಡು ಬರುತ್ತದೆ. ಬೇಲಿಯ ಆಚೆಯಿಂದ ನಿಝಾಮನಿಗೂ ಅರ್ಥವಾಗಿತ್ತು. ಅವನು ತುಟಿಯ ಮೇಲೆ ಬೆರಳಿಟ್ಟು ಅವಳನ್ನೇ ನೋಡುತ್ತಿದ್ದ.

ಅವಳು ಸುಮ್ಮನಿರಲು ನಿಜವಾಗಿಯೂ ಪ್ರಯತ್ನಿಸಿದಳು. ಅಷ್ಟರಲ್ಲಿ ಕುಕ್ಕಪ್ಪ ಪಕ್ಕಕ್ಕೆ ಬಂದು ನಿಂತ, ಬೆವರು ಒರೆಸಿಕೊಳ್ಳುತ್ತ. "ಎಂತ ನಾಯಿ ಮಾರಾಯ್ತಿ ಇದು! ಅಷ್ಟು ಚಂದ ಬರ್ತದೆ, ಹತ್ತಿರ ಬಂದಾಗ ಕೂತ್ಕೊಳ್ತದೆ."

"ಕೂತ್ಕೊಳ್ಳುದು ಅದಲ್ಲ, ಕೂರಿಸುದು ನೀವು," ಎಂದಳು ದೇವಮ್ಮ. "ಪಂಚೆ ಇಳಿಸ್ಬೇಡಿ."

"ಹಾಂ?"

"ಜಡ್ಜಿನ ಎದುರು ಪಂಚೆ ಇಳಿಸ್ತೀರಿ ನೀವು. ನಿಧಾನ ಮಾಡ್ತೀರಿ. ಅದಕ್ಕೆ ಕೂತ್ಕೊಳ್ಳುದು."

ಕುಕ್ಕಪ್ಪ ಕೆಳಗೆ ನೋಡಿಕೊಂಡ. "ಮತ್ತೆ? ಅಷ್ಟು ಪ್ರಾಯದ ಹೆಂಗಸು ಎದುರು ನಿಂತಿರುವಾಗ ತೊಡೆ ತೋರಿಸಿಕೊಂಡು ಹೋಗುದಾ? ನಮ್ಮ ಮನೆಯಲ್ಲಿ ಹಾಗೆ ಕಲಿಸ್ಲಿಲ್ಲ."

"ಇಳಿಸಿದ್ರೆ ಭೀಮ ಸೋಲ್ತಾನೆ."

"ಸೋತ್ರೆ ನಿನಗೇ ಒಳ್ಳೇದಲ್ವಾ?"

"ಒಳ್ಳೇದು. ಆದ್ರೂ ಇಳಿಸ್ಬೇಡಿ."

ಬೇಲಿಯ ಆಚೆ ನಿಝಾಮ್ ತಲೆಯ ಮೇಲೆ ಕೈ ಇಟ್ಟುಕೊಂಡ.

ಕೆಂಪಿಯೂ ತನ್ನ ಸರದಿಯಲ್ಲಿ ಅದೇ ಉಪಕಾರದ ನಡಿಗೆಯಲ್ಲಿ ಹೋಗಿ ಬಂದಳು. ಜಡ್ಜ್ ಮರಿಯನ್ನು ಪಕ್ಕಕ್ಕೆ ನಿಲ್ಲಿಸಿ, ಎರಡೂ ಚಾಂಪಿಯನ್ನುಗಳು ಒಟ್ಟಿಗೆ ರಿಂಗಿಗೆ ಸುತ್ತು ಬರಲಿ ಎಂದು ಕೈಯಲ್ಲಿ ವೃತ್ತ ಬರೆದರು. ಮುಂದೆ ಭೀಮ, ಹಿಂದೆ ಕೆಂಪಿ. ಕುಕ್ಕಪ್ಪ ಪಂಚೆಯನ್ನು ಮತ್ತೆ ಎತ್ತಿ ಕಟ್ಟಿದ. ಈ ಸಲ ತುದಿಯನ್ನು ಒಳಗೆ ಎರಡು ಸಲ ಸಿಕ್ಕಿಸಿದ.

ಅವನು ಓಡಿದ. ಜಡ್ಜ್ ನಿಂತ ಕಡೆ ಬಂದಾಗ ಬಲಗೈ ಸೊಂಟದ ಹತ್ತಿರ ಹೋಗಿ, ಗಾಳಿಯಲ್ಲಿ ತಡಕಾಡಿ, ಮುಷ್ಟಿಯಾಗಿ ವಾಪಸಾಯಿತು. ಕಿವಿಯ ತನಕ ಕೆಂಪಾಗಿದ್ದ. ಆಕಾಶ ನೋಡುತ್ತ ದಾಟಿದ. ಭೀಮ ನೀರಿನ ಮೇಲೆ ಹೋಗುವ ಹಾಗೆ ಹೋದ. ಆ ಕಪ್ಪು ಬೆನ್ನಿನ ಮೇಲೆ ತುಂಬಿದ ಲೋಟ ಇಟ್ಟಿದ್ದರೂ ಚೆಲ್ಲುತ್ತಿರಲಿಲ್ಲ.

ಮುಗಿಯಿತು ಎಂದುಕೊಂಡಳು ದೇವಮ್ಮ. ಬೇಸರವೂ ಆಗಲಿಲ್ಲ. ಅಷ್ಟು ಚೆಂದ ಓಡುವುದನ್ನು ನೋಡಿದ ಮೇಲೆ ಜಗಳಕ್ಕೆ ಏನೂ ಉಳಿಯುವುದಿಲ್ಲ.

ಆಗ ಅವಳ ಕೈಯ ಹಗ್ಗ ಬಿಗಿಯಾಯಿತು.

ಆರು ವರ್ಷದಿಂದ ಪ್ರತಿದಿನ ಬೆಳಿಗ್ಗೆ ಕುಕ್ಕಪ್ಪ ಕ್ಯಾನ್ ಹಿಡಿದು ಹಾಲಿನ ಸೊಸೈಟಿಗೆ ಹೋಗುವಾಗ ಹಿಂದಿನಿಂದ ಹೋಗುವವಳು ಕೆಂಪಿ. ದೇವಮ್ಮನ ಜೊತೆ ಓಡುವುದು ಅವಳಿಗೆ ಕೆಲಸ. ಅವನ ಹಿಂದೆ ಹೋಗುವುದು ಹಕ್ಕು. ಇಂದು ಆ ಮನುಷ್ಯ ಅವಳ ಕಣ್ಣೆದುರೇ ಬೇರೊಂದು ನಾಯಿಯನ್ನು ಕರೆದುಕೊಂಡು ಹೊರಟಿದ್ದ. ಕೆಂಪಿಯ ತಲೆ ಮುಂದೆ ಹೋಯಿತು. ಬೆನ್ನು ಸಮವಾಯಿತು. ಆ ಮೋಟು ಕಾಲುಗಳು ಎಲ್ಲಿಂದಲೋ ಉದ್ದ ಪಡೆದು ನೆಲ ಬಾಚತೊಡಗಿದವು. ಕಾಯಿಲೆ, ಉದಾಸೀನ, ಉಪಕಾರ, ಯಾವುದೂ ಇಲ್ಲ.

ಹಗ್ಗ ಬಿಗಿದರೆ ನಡಿಗೆ ಕೆಡುತ್ತದೆ. ಅವಳನ್ನು ತಡೆಯಬಾರದು, ಜೊತೆಗೆ ಓಡಬೇಕು. ಐವತ್ತನಾಲ್ಕು ವರ್ಷದ ದೇವಮ್ಮ ಸೀರೆಯ ನೆರಿಗೆ ಒಂದು ಕೈಯಲ್ಲಿ ಎತ್ತಿ ಓಡಿದಳು. ಬಲಗಾಲಿನ ಚಪ್ಪಲಿ ಎಲ್ಲೋ ಹೋಯಿತು. ಎಡಗಾಲಿನದ್ದನ್ನು ಅವಳೇ ಒದ್ದು ಬಿಟ್ಟಳು. ಜನ ಶಿಳ್ಳೆ ಹಾಕಿದರು. ಕುರ್ಚಿಯಲ್ಲಿದ್ದ ಮಾಷ್ಟ್ರು ಯಾರ ಪರ ಎಂದು ತಿಳಿಯದ ಹಾಗೆ "ಶಾಬಾಸ್! ಶಾಬಾಸ್!" ಎಂದು ಕೂಗುತ್ತಿದ್ದರು.

"ಇನ್ನೊಂದು ಸುತ್ತು," ಎಂದು ಜಡ್ಜ್ ಬೆರಳೆತ್ತಿದರು. ಇನ್ನೊಂದು ಸುತ್ತು ಓಡಿದರು. ಭೀಮ ಒಂದು ಹೆಜ್ಜೆಯನ್ನೂ ತಪ್ಪಿಸಲಿಲ್ಲ. ಕೆಂಪಿಯೂ ಬಿಡಲಿಲ್ಲ. ಜಡ್ಜ್ ಒಂದು ಕ್ಷಣ ಎರಡರ ಮೇಲೂ ಕಣ್ಣು ಆಡಿಸಿ, ಸೀದಾ ನಡೆದು ಬಂದು ಕೆಂಪಿಯ ಕಡೆಗೆ ಕೈ ತೋರಿಸಿದರು.

ದೇವಮ್ಮ ಅಲ್ಲೇ ಹುಲ್ಲಿನ ಮೇಲೆ ಕೂತುಬಿಟ್ಟಳು. ಕೆಂಪಿ ಅವಳನ್ನು ದಾಟಿ ಹೋಗಿ ಕುಕ್ಕಪ್ಪನ ಕಾಲಿನ ಮೇಲೆ ಎರಡೂ ಮುಂಗಾಲು ಇಟ್ಟು ನಿಂತಳು.

ರಿಬ್ಬನ್ ಕೊಟ್ಟರು, ಫೋಟೋ ತೆಗೆದರು. ನಿಝಾಮ್ ತನ್ನ ಪಾಯಿಂಟಿನ ಪಟ್ಟಿಯಲ್ಲಿ ಇಪ್ಪತ್ತೈದು ಎಂದು ಬರೆದು, ಬರೆದದ್ದನ್ನು ಎರಡು ಸಲ ಓದಿ, "ದೇವಕ್ಕ, ಇನ್ನು ಸಾಯುವವರೆಗೆ ನಿಮ್ಮ ಜೊತೆ ಶೋಗೆ ಬರುದಿಲ್ಲ. ನನ್ನ ಎದೆ ತಡೆಯುದಿಲ್ಲ," ಎಂದ. ಅವನ ಕಣ್ಣು ಒದ್ದೆಯಾಗಿತ್ತು. ಹಿಂಡಿಯ ಧೂಳು ಎಂದ.

ಕುಕ್ಕಪ್ಪ ಪಂಚೆ ಇಳಿಸಿ, ನೆರಿಗೆ ಸರಿಮಾಡಿ, ಶಾಲು ಹೊದ್ದು, ಜಡ್ಜ್ ಹತ್ತಿರ ಹೋಗಿ ಕೈ ಮುಗಿದ. ಮಾಷ್ಟ್ರನ್ನು ಕುರ್ಚಿ ಸಮೇತ ಹತ್ತಿರ ಎಳೆದು ತಂದಿದ್ದ.

"ಹೇಳಿ ಮಾಷ್ಟ್ರೇ ಹಿಂದಿಯಲ್ಲಿ. ಆಗ ಪಂಚೆ ಎತ್ತಿಕೊಂಡು ಎದುರಿನಲ್ಲೇ ಓಡಿದ್ದು ಮರ್ಯಾದೆ ಇಲ್ಲದೆ ಅಲ್ಲ, ನಾಯಿಗೋಸ್ಕರ. ಅಮ್ಮ ಬೇಜಾರು ಮಾಡ್ಬಾರ್ದು ಅಂತ."

ಮಾಷ್ಟ್ರು ಒಳ್ಳೆಯ ವ್ಯಾಕರಣಬದ್ಧ ಹಿಂದಿಯಲ್ಲಿ ಹೇಳಿದರು. ಜಡ್ಜ್ ಗಂಭೀರವಾಗಿ ಕೇಳಿಸಿಕೊಂಡು ಏನೋ ಉತ್ತರ ಕೊಟ್ಟು, ಕುಕ್ಕಪ್ಪನಿಗೆ ಕೈ ಮುಗಿದು ಹೋದರು.

"ಎಂತ ಹೇಳಿದ್ರು?"

"ನಲವತ್ತು ವರ್ಷದಿಂದ ನಾನು ನಾಯಿಯ ಕಾಲು ಬಿಟ್ಟು ಬೇರೆ ಯಾರ ಕಾಲನ್ನೂ ನೋಡಿದ್ದಿಲ್ಲ ಅಂದ್ರು. ಮತ್ತೆ, ಎರಡೂ ಸಮ ಇತ್ತಂತೆ. ಆದ್ರೆ ಹಿಂದಿನದಕ್ಕೆ ಎಲ್ಲಿಗೋ ಹೋಗ್ಲಿಕ್ಕಿತ್ತು, ಮುಂದಿನದು ಸುಮ್ಮನೆ ಹೋಗ್ತಿತ್ತು ಅಂದ್ರು."

"ಸುಮ್ಮನೆ ಹೋಗುದಾ!" ಕುಕ್ಕಪ್ಪ ಸಿಟ್ಟಾದ. "ಭೀಮ ಸುಮ್ಮನೆ ಹೋದದ್ದಾ? ಆ ಬೆನ್ನು ಹೇಗಿತ್ತು! ಕೊನೇ ಸುತ್ತಿನಲ್ಲಿ ಒಂದು ಹೆಜ್ಜೆ ಆಚೆ ಈಚೆ ಆಗ್ಲಿಲ್ಲ. ಅವರಿಗೆ ಕಣ್ಣು ಉಂಟಾ? ಮುಂದಿನ ಶೋ ಯಾವಾಗ ಮಾಷ್ಟ್ರೇ?"

"ಬೆಳಿಗ್ಗೆ ತಲೆ ಕೆಟ್ಟವರು ಅಂತಿದ್ರಲ್ಲ ಎಲ್ಲರನ್ನು," ಎಂದಳು ದೇವಮ್ಮ, ಚಪ್ಪಲಿ ಹುಡುಕಿ ಹಾಕಿಕೊಳ್ಳುತ್ತ.

"ಈಗ್ಲೂ ಅದೇ ಹೇಳುದು. ಇಲ್ಲದಿದ್ರೆ ಭೀಮನಿಗೆ ಕೊಡ್ತಿರ್ಲಿಲ್ವಾ?"

ಮದುವೆಯ ಊಟ ಆ ಹೊತ್ತಿಗೆ ಪಾಯಸ ದಾಟಿ ಎಲೆ ಎತ್ತುವಲ್ಲಿಗೆ ಬಂದಿರಬೇಕು. ಕುಕ್ಕಪ್ಪನಿಗೆ ಅದು ನೆನಪಾದ ಹಾಗೆ ಕಾಣಲಿಲ್ಲ. ಅವನು ಮಾಷ್ಟ್ರ ಬಗಲಿಗೆ ಕೈ ಕೊಟ್ಟು ಆಟೋದವರೆಗೆ ನಡೆಸಿ ಕೂರಿಸಿದ. ಭೀಮನನ್ನು ಎತ್ತಿಕೊಂಡ. ಆಮೇಲೆ ತಾನೂ ಒಳಗೆ ಕೂತ.

"ನೀವು ಎಲ್ಲಿಗೆ?" ದೇವಮ್ಮ ಕೇಳಿದಳು.

"ಮಾಷ್ಟ್ರಿಗೆ ಕಾಲು ಊರ್ಲಿಕ್ಕೆ ಆಗುದಿಲ್ಲ, ಇವನನ್ನು ಇಳಿಸುದು ಯಾರು? ಪೆರಾಬೆಗೆ ಮುಟ್ಟಿಸಿ ಬರ್ತೇನೆ."

"ಮತ್ತೆ ಮನೆಗೆ ಹೇಗೆ ಬರುದು?"

"ಬಸ್ಸು ಇಲ್ವಾ ಮಾರಾಯ್ತಿ? ನೀವು ಹೊರಡಿ."

ದೇವಮ್ಮ ಓಮ್ನಿಯ ಹಿಂದಿನ ಬಾಗಿಲು ತೆರೆದು, ಗೂಡಿನೊಳಗೆ ಹಾಸಿದ ಬಟ್ಟೆ ಸರಿಮಾಡಲು ಬಗ್ಗಿದಳು. ಆಟೋ ಸ್ಟಾರ್ಟ್ ಆಯಿತು. ಅವಳ ಮಣಿಕಟ್ಟಿನಿಂದ ಹಗ್ಗ ಜಾರಿದ್ದು ಗೊತ್ತಾಗುವಷ್ಟರಲ್ಲಿ ಕೆಂಪಿ ಅರ್ಧ ಮೈದಾನ ದಾಟಿದ್ದಳು, ರಿಂಗಿನಲ್ಲಿ ಓಡಿದ್ದಕ್ಕಿಂತಲೂ ಜೋರಾಗಿ, ಹಗ್ಗವನ್ನು ಹಿಂದೆ ಎಳೆದುಕೊಂಡು. ಗೇಟಿನ ಹತ್ತಿರ ಆಟೋ ನಿಂತಿತು. ಒಂದು ಕೈ ಹೊರಗೆ ಬಂದು, ಗ್ರ್ಯಾಂಡ್ ಚಾಂಪಿಯನ್ನನ್ನು ಹೊಟ್ಟೆಯ ಕೆಳಗಿನಿಂದ ಎತ್ತಿ ಒಳಗೆ ಹಾಕಿಕೊಂಡಿತು. ಆಟೋ ಉಪ್ಪಿನಂಗಡಿ ರಸ್ತೆಗೆ ತಿರುಗಿತು.